ಸುಣ್ಣದ ಮನೆಯ ಕೊನೆಯ ರೀಲು

ಸುಬಾಂಗ್ ಜಯಾ
ಮಲೇಷ್ಯಾ, 8 ಮಾರ್ಚ್ 1998

ನರಹರಿ ಮಾವನಿಗೆ ಮೇಧಾಳ ನಮಸ್ಕಾರಗಳು.

ಮೊನ್ನೆ ಫೋನು ಮಾಡಿದಾಗ ನಿಮ್ಮ ಪರವಾಗಿ ಅಮ್ಮ ಮಾತಾಡಿದಳು. “ನರಹರಿ ತಲೆ ಅಲ್ಲಾಡಿಸ್ತಿದ್ದಾನೆ”, “ಈಗ ನಗ್ತಿದ್ದಾನೆ” ಎಂದು ಒಂದೊಂದೇ ವರದಿ ಒಪ್ಪಿಸಿದಳು. ಗಂಟಲಿನ ಆಪರೇಷನ್ ಆದಮೇಲೆ ನಿಮ್ಮ ಧ್ವನಿ ಇನ್ನಿಲ್ಲ ಎಂದು ಎರಡು ತಿಂಗಳಿಂದ ಗೊತ್ತಿತ್ತು. ಆದರೆ ಅರ್ಥವಾದದ್ದು ಆಗಲೇ. ಇನ್ನು ಮೇಲೆ ಬರೆಯುತ್ತೇನೆ. ಎದುರಿಗೆ ಮಾತಾಡುವುದಕ್ಕಿಂತ ಬರೆಯುವುದು ನನಗೂ ಸುಲಭ, ನಿಮಗೆ ಗೊತ್ತಲ್ಲ.

ಇಲ್ಲಿ ಸುಮತಿಯಕ್ಕ, ಭಾವ ಇಬ್ಬರೂ ಮೆಡಿಕಲ್ ಕಾಲೇಜಿಗೆ ಹೋದಮೇಲೆ ಮನೆಯಲ್ಲಿ ನಾನೊಬ್ಬಳೇ. ಮಧ್ಯಾಹ್ನ ಅನೀಶ ಶಾಲೆಯಿಂದ ಬಂದು ಟೀವಿ ಹಾಕುತ್ತಾನೆ. ಶುಕ್ರವಾರ ಯಾವುದೋ ಮಲಯ್ ಧಾರಾವಾಹಿ ಬರುತ್ತಿತ್ತು. ರಬ್ಬರ್ ತೋಟದ ಬಿಳಿ ದೊರೆಯೊಬ್ಬ ಕೂಲಿಗಳನ್ನು ಬೈಯುತ್ತಿದ್ದ. ವಯಸ್ಸಾದವನು, ಬಣ್ಣ ಹಚ್ಚಿದ ಮೀಸೆ. ನಾನು ಅಕ್ಕಿ ಆರಿಸುತ್ತಿದ್ದೆ. ಬೈದು ಮುಗಿಸಿ ಆತ ಕ್ಯಾಮರಾಕ್ಕೆ ಬೆನ್ನು ಹಾಕಿ ಬಾಗಿಲಲ್ಲಿ ನಿಂತ. ಎಡಭುಜ ಸ್ವಲ್ಪ ಕೆಳಗಿಳಿಯಿತು. ಮಾವ, ನನ್ನ ಕೈ ಮೊರದಲ್ಲೇ ನಿಂತುಬಿಟ್ಟಿತು.

“ಚಿಕ್ಕೀ, ದಟ್ ಮ್ಯಾನ್ ಆಲ್ವೇಸ್ ಡೈಸ್ ಲಾ” ಎಂದ ಅನೀಶ, ಇಲ್ಲಿನವರ ಹಾಗೆ ಮಾತಿನ ಕೊನೆಗೆ ‘ಲಾ’ ಸೇರಿಸಿ. ಐದೇ ನಿಮಿಷಕ್ಕೆ ಕೂಲಿಗಳು ಅವನನ್ನು ಕೊಂದರು. ಕೊನೆಯಲ್ಲಿ ಹೆಸರುಗಳು ಓಡಿದವು. ಹನ್ನೊಂದನೆಯ ಹೆಸರು ಪಾವ್ಲೋಸ್ ಮಾವ್ರಿಡಿಸ್.

ನಿಮ್ಮ ಪಾವ್ಲೋಸ. ಎಂಟು ವರ್ಷದವಳಿದ್ದಾಗ ನೀವು ಡ್ರಾಯಿಂಗ್ ಕಲಿಸುತ್ತಿದ್ದ ಶಾಲೆಯ ಹಾಲ್‌ನಲ್ಲಿ, ಚಾಪೆಯ ಮೇಲೆ ಕೂತು ನಾನು ನೋಡಿದ ಗ್ರೀಕ್ ನಟ. ಇಷ್ಟು ವರ್ಷ ನೀವು ಯಾರ ಬಗ್ಗೆ ಪುಸ್ತಕ ಬರೆಯುತ್ತಿದ್ದೀರೋ ಅವರು ಇದೇ ಊರಿನ ಸುತ್ತಮುತ್ತ ಎಲ್ಲೋ ಇದ್ದಾರೆ.

ನಿಮ್ಮ
ಮೇಧಾ

---

ಉಡುಪಿ
22 ಮಾರ್ಚ್ 1998

ಚಿ. ಮೇಧಾ,

ನಿನ್ನ ಕಾಗದ ಓದಿ ಕೂಗಬೇಕೆನಿಸಿತು. ಕೂಗುವ ಸಾಧನವಿಲ್ಲ. ಸ್ಲೇಟಿನಲ್ಲಿ ‘ಪಾವ್ಲೋಸ ಸಿಕ್ಕಿದ’ ಎಂದು ಬರೆದು ನಿನ್ನ ಅಮ್ಮನಿಗೆ ತೋರಿಸಿದೆ. “ಯಾರದು, ನಿನ್ನ ಹಳೇ ವಿದ್ಯಾರ್ಥಿಯಾ?” ಅಂದಳು.

ನಿನಗೆ ಪೂರ್ತಿ ಕಥೆ ಗೊತ್ತಿಲ್ಲ. ಎಂಬತ್ತೆರಡರ ಜುಲೈ. ನಮ್ಮ ಫಿಲ್ಮ್ ಸೊಸೈಟಿಗೆ ಒಂದು ಗ್ರೀಕ್ ಚಿತ್ರದ ನಾಲ್ಕು ಡಬ್ಬಿ ಬಂದವು. ಜೊತೆಗೆ ಒಂದು ತುಂಡು ಕಾಗದವೂ ಇಲ್ಲ, ಪರದೆಯ ಕೆಳಗೆ ಇಂಗ್ಲಿಷ್ ಸಾಲುಗಳೂ ಇಲ್ಲ. ಉಡುಪಿಯಲ್ಲಿ ಗ್ರೀಕ್ ಬರುವವರು ಯಾರು? ಮಧ್ಯಾಹ್ನ ಎರಡು ಸಲ ಹಾಕಿ ನೋಡಿದೆ, ಮಾತುಗಳನ್ನು ನಾನೇ ಕನ್ನಡದಲ್ಲಿ ಕಟ್ಟಿದೆ, ಸಂಜೆ ಪರದೆಯ ಪಕ್ಕದಲ್ಲಿ ನಿಂತು ಹೇಳಿದೆ. ತಾಯಿಗೂ ನಾನೇ, ಮಗನಿಗೂ ನಾನೇ, ಬಂದರಿನ ಪೊಲೀಸನಿಗೂ ನಾನೇ. ‘ಸುಣ್ಣದ ಮನೆ’ ಎಂಬ ಹೆಸರೂ ನಾನಿಟ್ಟದ್ದು.

ಡಬ್ಬಿಯ ಚೀಟಿಗಳು ಮಳೆಗೆ ಕರಗಿ ಹೋಗಿದ್ದವು. ಮೊದಲ ಎರಡು ರೀಲಿನ ಬಗ್ಗೆ ತಕರಾರಿಲ್ಲ: ಹುಡುಗ ದ್ವೀಪ ಬಿಟ್ಟು ಬಂದರಿಗೆ ಹೋಗುತ್ತಾನೆ, ಕೆಟ್ಟವರ ಸಹವಾಸ, ಜೈಲು. ಉಳಿದವು ಎರಡು. ಒಂದರಲ್ಲಿ ಅವನು ಯಾರದೋ ಮನೆಯ ಪೆಟ್ಟಿಗೆ ಒಡೆದು ಚಿನ್ನ ಕದ್ದು, ಹೆಂಡದಂಗಡಿಯಲ್ಲಿ ಕೂತು ನಗುತ್ತಾನೆ. ಇನ್ನೊಂದರಲ್ಲಿ ಸುಣ್ಣ ಬಳಿದ ಮನೆಗೆ ಬಂದು ತಾಯಿಯ ಎದುರು ಬಾಗಿಲಲ್ಲಿ ನಿಲ್ಲುತ್ತಾನೆ. ಯಾವುದು ಕೊನೆ? ನನಗೆ ಸಂಶಯವೇ ಬರಲಿಲ್ಲ. ಪ್ರೊಜೆಕ್ಟರ್ ನಡೆಸುತ್ತಿದ್ದ ಜನಾರ್ದನನಿಗೆ ಬಂತು.

“ಹೆಂಡದಂಗಡಿಯೇ ಕೊನೆ ಮಾರಾಯಾ. ಆ ಪೆಟ್ಟಿಗೆ ಅಮ್ಮನದ್ದೇ. ಹಿಂದಿನ ಗೋಡೆಯ ಸುಣ್ಣ ನೋಡು.”

“ಪ್ರಪಂಚದಲ್ಲಿ ಒಂದೇ ಮನೆಗೆ ಸುಣ್ಣ ಬಳಿಯುವುದಾ?”

“ನೀನು ಸಿನಿಮಾ ನೋಡುವುದಿಲ್ಲ ನರಹರಿ. ಬರೇ ನಿನಗೆ ಬೇಕಾದ್ದು ನೋಡ್ತಿ.”

ಮೊದಲ ಪ್ರದರ್ಶನ ಮುಗಿದದ್ದೇ ಅವನು ಸೊಸೈಟಿ ಬಿಟ್ಟ. ಹದಿನಾರು ವರ್ಷವಾಯಿತು. ಮಾರ್ಕೆಟ್ಟಿನಲ್ಲಿ ಎದುರಾದರೆ ಅವನು ಬದನೆಕಾಯಿ ನೋಡುತ್ತಾನೆ, ನಾನು ಆಕಾಶ ನೋಡುತ್ತೇನೆ.

ನನ್ನ ಕ್ರಮದಲ್ಲಿ ಏಳು ಕಡೆ ತೋರಿಸಿದೆ. ಆ ಬಾಗಿಲ ದೃಶ್ಯದಲ್ಲಿ ಪಾವ್ಲೋಸನ ಬೆನ್ನು ಮಾತ್ರ ಕಾಣುತ್ತದೆ, ಸೊಂಟದವರೆಗೆ. ಎಡಭುಜ ಇಳಿಯುತ್ತದೆ. ಅವನು ಏನೋ ಹೇಳುತ್ತಾನೆ. ಅದೇ ಹೊತ್ತಿಗೆ ಹಡಗು ಕೂಗಿ ಮಾತು ಮುಚ್ಚಿಹೋಗುತ್ತದೆ. ಹಡಗಿನ ಸದ್ದು ನಿಂತಮೇಲೆ ನಾನು “ಅಮ್ಮಾ, ಹಸಿವು” ಎನ್ನುತ್ತಿದ್ದೆ. ಜನ ಅಳುತ್ತಿದ್ದರು. ಮಲ್ಪೆಯಲ್ಲಿ ಮೀನು ಮಾರುವ ಹೆಂಗಸೊಬ್ಬಳು ಬಂದು, “ಆಮೇಲೆ ಮನೆಯಲ್ಲೇ ಉಳಿದನಾ ಮಾಷ್ಟ್ರೆ?” ಎಂದು ಕೇಳಿದಳು. ಉಳಿದ ಎಂದೆ.

ನನ್ನ ಪುಸ್ತಕ ನಿಂತಿರುವುದೂ ಆ ಬಾಗಿಲ ಮೇಲೆಯೇ. ಎಪ್ಪತ್ತರವರೆಗಿನ ಅವನ ಚಿತ್ರಗಳ ವಿವರ ಹಳೇ ಪತ್ರಿಕೆಗಳಿಂದ ಹೆಕ್ಕಿದ್ದೇನೆ. ಆಮೇಲೆ ಏನಾದ ಎಂದು ಗೊತ್ತಿರಲಿಲ್ಲ. ಹೋಗಿ ನೋಡು. ಎಲ್ಲ ಕೇಳು. ಮುಖ್ಯವಾಗಿ ಒಂದು ಕೇಳು: ಬಾಗಿಲಲ್ಲಿ ನಿಂತು ನಿಜವಾಗಿ ಅವನು ಏನೆಂದ?

ದೀಪಾವಳಿಯ ಮಾತು ಬಂದರೆ ಡಾಕ್ಟರು ಕಣ್ಣು ತಪ್ಪಿಸುತ್ತಾರೆ. ತಡಮಾಡಬೇಡ.

ಆಶೀರ್ವಾದಗಳೊಂದಿಗೆ,
ನರಹರಿ

---

ಸುಬಾಂಗ್ ಜಯಾ
3 ಮೇ 1998

ಪ್ರೀತಿಯ ಮಾವನಿಗೆ,

ಹುಡುಕಲು ಏಳು ವಾರ ಹಿಡಿಯಿತು, ಅದರಲ್ಲಿ ಐದು ವಾರ ನನ್ನ ಸಂಕೋಚಕ್ಕೆ. ಭಾವನಿಗೆ ಪರಿಚಯದ ಮಹೇಶ ಎಂಬವರು ಮೈಸೂರಿನವರು, ಇಲ್ಲಿ ಧಾರಾವಾಹಿಗಳ ಸಂಕಲನ ಮಾಡುತ್ತಾರೆ. ಊಟಕ್ಕೆ ಬಂದಿದ್ದಾಗ ಅಕ್ಕನೇ ನನ್ನ ಪರವಾಗಿ ಕೇಳಿದಳು.

“ಅಂಕಲ್ ಪಾಲ್ ತಾನೇ? ನಮ್ಗೆ ಬಿಳೀ ವಿಲನ್ ಬೇಕು ಅಂದ್ರೆ ಅವ್ರೊಬ್ರೇ ಇದ್ದಿದ್ದು. ಈಗ ಬಜೆಟ್ಟೆಲ್ಲ ಕಟ್ ರೀ. ಬಿಳಿಯೋರ್ನ ಸಾಯಿಸೋಕೂ ಗತಿ ಇಲ್ಲ” ಎಂದು ನಕ್ಕು, ವಿಳಾಸ ಬರೆದುಕೊಟ್ಟರು.

ಬಾಂಗ್ಸಾರ್‌ನ ದೊಡ್ಡ ಮನೆಗಳ ಹಿಂದೆ ಚರ್ಚಿನವರು ನಡೆಸುವ ಒಂದು ವೃದ್ಧಾಶ್ರಮ. ಹನ್ನೆರಡು ಹಾಸಿಗೆಗಳ ಕೋಣೆಯಲ್ಲಿ ಕಿಟಕಿಯ ಪಕ್ಕದ್ದು ಅವರದು. ನಾನು ಹೋದಾಗ ಪೈಜಾಮ ಹಾಕಿಕೊಂಡು, ಕೂದಲಿಗೆ ಎಣ್ಣೆ ಹಚ್ಚಿ ನೀಟಾಗಿ ಬಾಚಿ ಕೂತಿದ್ದರು. ಯಾರೋ ಪಾತ್ರ ಕೊಡಲು ಬಂದಿದ್ದಾರೆಂದು ತಿಳಿದರಂತೆ. ನಾನು ಅಲ್ಲವೆಂದಾಗ ಮುಖದಲ್ಲಿ ಏನೂ ಬದಲಾಗಲಿಲ್ಲ. ಅಷ್ಟು ಒಳ್ಳೆಯ ನಟ.

ಅವರು ನಿಧಾನವಾದ ಇಂಗ್ಲಿಷಿನಲ್ಲಿ ಹೇಳಿದ್ದನ್ನು ಬರೆಯುತ್ತೇನೆ. ಅಪ್ಪ ಸಮುದ್ರದ ತಳದಿಂದ ಸ್ಪಂಜು ಕಿತ್ತು ತರುವವನು, ಒಂದು ದಿನ ಮೇಲೆ ಬರಲಿಲ್ಲ. ಇವರು ಬಂದರಿನ ನಾಟಕ ಕಂಪನಿಯಲ್ಲಿ ಪರದೆ ಎಳೆಯುತ್ತಾ ನಟರಾದರು. ಮೊದಲು ನಗಿಸುವ ಚಿಕ್ಕ ಪಾತ್ರಗಳು, ಅರವತ್ತಮೂರರಲ್ಲಿ ‘ಸುಣ್ಣದ ಮನೆ’. ಅದಾದಮೇಲೆ ಬರೇ ಖಳ. ಗ್ರೀಸಿನಲ್ಲಿ ಸೈನ್ಯದವರು ಅಧಿಕಾರ ಹಿಡಿದಾಗ ರೋಮಿಗೆ ಹೋಗಿ ಕೌಬಾಯ್ ಚಿತ್ರಗಳಲ್ಲಿ ಕುದುರೆಯಿಂದ ಬಿದ್ದು ಸತ್ತರು. ಎಪ್ಪತ್ತೊಂಬತ್ತರಲ್ಲಿ ಒಂದು ಕಾಡಿನ ಚಿತ್ರಕ್ಕೆಂದು ಇಲ್ಲಿಗೆ ಬಂದದ್ದು. ಅರ್ಧದಲ್ಲೇ ನಿರ್ಮಾಪಕ ನಾಪತ್ತೆ. ಉಳಿದವರು ಹೇಗೋ ಊರು ಸೇರಿದರು, ಇವರು ಉಳಿದುಬಿಟ್ಟರು. ತೋಟದ ದೊರೆ, ಬ್ರಿಟಿಷ್ ಮೇಜರ್, ಕಳ್ಳಸಾಗಣೆಯವನು. ಕೊನೆಗೆ ಸಿಕ್ಕಿದ್ದು ಕಾಫಿಪುಡಿಯ ಜಾಹೀರಾತು. ಅದರಲ್ಲಿ ಇವರ ಕೈ ಮಾತ್ರ ಕಾಣುತ್ತದೆ.

“ಒಮ್ಮೆ ಸತ್ತ ಬಟ್ಟೆಯಲ್ಲೇ ತಮಿಳು ಮುಸ್ಲಿಮರ ಮಮಕ್ ಅಂಗಡಿಗೆ ಹೋಗಿ ಚಹಾ ಕುಡಿದೆ. ಎದೆಯ ತುಂಬ ರಕ್ತದ ಬಣ್ಣ. ಯಾರೂ ತಿರುಗಿ ನೋಡಲಿಲ್ಲ” ಎಂದರು.

ಬಾಗಿಲಿನ ಮಾತು ಕೇಳಲು ಬಾಯಿ ತೆರೆದೆ. ಬಂದದ್ದು “ಇವತ್ತು ಸೆಕೆ ಜಾಸ್ತಿ” ಎಂಬ ಮಾತು. ಕ್ಷಮಿಸಿ. ಮುಂದಿನ ಸಲ ಖಂಡಿತ ಕೇಳುತ್ತೇನೆ.

ನಿಮ್ಮ
ಮೇಧಾ

---

ಉಡುಪಿ
20 ಮೇ 1998

ಮೇಧಾ,

ಸೆಕೆಯ ವಿಚಾರ ಉಡುಪಿಯಲ್ಲೂ ಗೊತ್ತಾಗುತ್ತದೆ, ಅದಕ್ಕೆ ಮಲೇಷ್ಯಾಕ್ಕೆ ಹೋಗಬೇಕಿಲ್ಲ. ಕೇಳು ಮಗಾ.

ಬಾಗಿಲಿನ ಬಗ್ಗೆ ಬರೆದ ಅಧ್ಯಾಯದ ನಕಲು ಇದರೊಂದಿಗಿದೆ. ಅವನಿಗೆ ಓದಿ ಹೇಳು. ಕೊನೆಯ ಅಧ್ಯಾಯಕ್ಕೆ ಪ್ರೆಸ್ಸಿನ ಶ್ರೀಪತಿ ಕಾಯುತ್ತಿದ್ದಾನೆ. ಈಗ ನನಗೆ ಗಂಜಿಯೂ ಹೊಟ್ಟೆಗೆ ಇಳಿಸಿದ ನಳಿಗೆಯಲ್ಲೇ.

ನರಹರಿ

---

ಸುಬಾಂಗ್ ಜಯಾ
28 ಜೂನ್ 1998

ಪ್ರೀತಿಯ ಮಾವನಿಗೆ,

ಕೇಳಿದೆ. ನಿಮ್ಮ ಅಧ್ಯಾಯವನ್ನು ಇಂಗ್ಲಿಷಿಗೆ ತಿರುಗಿಸುತ್ತಾ ಓದಿ ಹೇಳಿದೆ. ಅವರು ಎರಡು ಸಲ ಓದಿಸಿದರು.

ಬಾಗಿಲಲ್ಲಿ ಅವರು ಹೇಳಿದ್ದು, “ಅಮ್ಮಾ, ರೊಟ್ಟಿ ಉಂಟಾ?” ಎಂದು. ನಿಮ್ಮ ಮಾತಿಗೆ ಎಷ್ಟು ಹತ್ತಿರ ನೋಡಿ. ಭುಜ ಇಳಿದದ್ದು ನಾಚಿಕೆಗೂ ಹೌದು, ಮನೆ ಮುಟ್ಟಿದ ಸಮಾಧಾನಕ್ಕೂ ಹೌದು ಎಂದರು. ಚಿತ್ರ ಮುಗಿಯುವುದು ಅಲ್ಲಿಗೇ. ನಿಮ್ಮ ಕ್ರಮ ಸರಿಯಾಗಿತ್ತು.

ಅನೀಶ ಕರೆಯುತ್ತಿದ್ದಾನೆ. ಇಷ್ಟಕ್ಕೆ ನಿಲ್ಲಿಸುತ್ತೇನೆ.

ಮೇಧಾ

---

ಉಡುಪಿ
15 ಜುಲೈ 1998

ನನ್ನ ಮೇಧಾ,

ಕಾಗದವನ್ನು ಹತ್ತು ಸಲ ಓದಿದೆ. ನಿನ್ನ ಅಮ್ಮ ಅದನ್ನು ದೇವರ ಮುಂದಿಡಲಾ ಎಂದು ತಮಾಷೆ ಮಾಡಿದಳು. ಕೊನೆಯ ಅಧ್ಯಾಯ ಆರೇ ದಿನದಲ್ಲಿ ಬರೆದು ಮುಗಿಸಿದೆ, ಶ್ರೀಪತಿ ಅಚ್ಚಿನ ಮೊಳೆ ಜೋಡಿಸಲು ಶುರುಮಾಡಿದ್ದಾನೆ. ಪುಸ್ತಕಕ್ಕೆ ‘ಬೆನ್ನು ಮಾತಾಡಿದ ನಟ’ ಎಂದು ಹೆಸರು.

ಒಂದೇ ಕೆಲಸ ಉಳಿದಿದೆ. ಮಳೆ ಸ್ವಲ್ಪ ಬಿಡಲಿ, ರಿಕ್ಷಾ ಮಾಡಿಕೊಂಡು ಜನಾರ್ದನನ ಮನೆಗೆ ಹೋಗುತ್ತೇನೆ. ನಿನ್ನ ಕಾಗದ ಅವನ ಕೈಗೆ ಕೊಡುತ್ತೇನೆ. ಓದುವಾಗ ಅವನ ಮುಖ ನೋಡಬೇಕು. ಅಷ್ಟಾದರೆ ನನಗೆ ಇನ್ನೇನೂ ಬೇಡ.

ಆಶೀರ್ವಾದಗಳೊಂದಿಗೆ,
ನರಹರಿ

---

ಸುಬಾಂಗ್ ಜಯಾ
2 ಆಗಸ್ಟ್ 1998

ಮಾವ,

ದಯವಿಟ್ಟು ಜನಾರ್ದನ ಮಾಮನ ಮನೆಗೆ ಹೋಗಬೇಡಿ. ಹಳೆಯ ಜಗಳ ಈಗ ಯಾಕೆ? ನಿಮಗೆ ಆಯಾಸವಾಗುತ್ತದೆ. ಪುಸ್ತಕಕ್ಕೂ ಅವಸರ ಬೇಡ. ನಾನು ಡಿಸೆಂಬರಿನಲ್ಲಿ ಬಂದಮೇಲೆ ಕರಡು ತಿದ್ದುತ್ತೇನೆ. ಅಲ್ಲಿಯವರೆಗೆ ಇರಲಿ.

ಮೇಧಾ

---

ಉಡುಪಿ
6 ಸೆಪ್ಟೆಂಬರ್ 1998

ಚಿ. ಮೇಧಾ,

ನಿನ್ನ ಕಾಗದ ಬರುವ ಎರಡು ದಿನ ಮೊದಲೇ ಹೋಗಿ ಬಂದಿದ್ದೆ.

ಜನಾರ್ದನ ಚಾವಡಿಯಲ್ಲಿ ಕೂತು ಪೇಪರ್ ಓದುತ್ತಿದ್ದ. ನನ್ನನ್ನು ಕಂಡು ಎದ್ದ. ನನ್ನ ಕುತ್ತಿಗೆಯ ತೂತು ನೋಡಿದ, ಅದಕ್ಕೆ ಕಟ್ಟಿದ ಬಟ್ಟೆ ನೋಡಿದ. ನಾನು ಏನನ್ನೂ ಸ್ಲೇಟಿನಲ್ಲಿ ಬರೆಯದೆ ನಿನ್ನ ಕಾಗದ ಕೊಟ್ಟೆ. ಕನ್ನಡಕ ಹುಡುಕಿ, ಓದಿ, ಮಡಿಸಿ ಹಿಂದೆ ಕೊಟ್ಟ.

“ಹೌದು ನರಹರಿ, ನೀನೇ ಸರಿ. ನನ್ನದೇ ತಪ್ಪು” ಅಂದ. ಒಳಗೆ ತಿರುಗಿ, “ಕಾಫಿ ತನ್ನಿ” ಎಂದು ಕೂಗಿದ. ನಳಿಗೆಯವನಿಗೆ ಕಾಫಿ.

ಮೇಧಾ, ಈ ಮನುಷ್ಯ ಕ್ಯಾಲೆಂಡರಿನಲ್ಲಿ ಏಕಾದಶಿ ತಪ್ಪಿದೆಯೆಂದು ಮಠದವರ ಜೊತೆ ಮೂರು ವಾರ ವಾದಿಸಿದವನು. ಹೆಂಡತಿಯ ವಯಸ್ಸಿನ ಬಗ್ಗೆ ಹೆಂಡತಿಯ ಜೊತೆಗೇ ವಾದಿಸಿದವನು. ಆ ಸುಣ್ಣದ ಗೋಡೆಯ ಮಾತನ್ನಾದರೂ ಎತ್ತಬೇಕಿತ್ತು. ‘ಕಾಗದದಲ್ಲಿ ಬರೆದದ್ದೆಲ್ಲ ನಿಜವಾ?’ ಎಂದಾದರೂ ಕೇಳಬೇಕಿತ್ತು. ಕೇಳಲಿಲ್ಲ. ನನ್ನ ಕುತ್ತಿಗೆ ನೋಡುತ್ತಾ ಒಪ್ಪಿಕೊಂಡ. ಅವನು ಕನಿಕರಕ್ಕೆ ಒಪ್ಪಿಕೊಂಡಾಗಲೇ, ನೀನೂ ಹಾಗೆಯೇ ಬರೆದದ್ದೆಂದು ನನಗೆ ಗೊತ್ತಾಯಿತು.

ಮನೆಗೆ ಬಂದು ನಿನ್ನ ಕಾಗದ ಮತ್ತೆ ಓದಿದೆ. “ರೊಟ್ಟಿ ಉಂಟಾ?” ಗ್ರೀಸಿನ ಹುಡುಗ ನಮ್ಮ ಓಣಿಯವನ ಹಾಗೆ ಮಾತಾಡುತ್ತಾನೆ. ಪಾವ್ಲೋಸನ ಎಣ್ಣೆ ಹಚ್ಚಿದ ತಲೆಯನ್ನೂ ಕಾಣುವಷ್ಟು ಚೆಂದ ಬರೆದವಳು ಈ ಕಾಗದದಲ್ಲಿ ಅವನು ಕೂತಿದ್ದನೋ ಮಲಗಿದ್ದನೋ ಅಂತಲೂ ಬರೆದಿಲ್ಲ.

ಶ್ರೀಪತಿ ಎರಡು ಫಾರಂನಷ್ಟು ಪುಟ ಜೋಡಿಸಿದ್ದ. ಬಿಚ್ಚಿಸಿದೆ. ಹಸ್ತಪ್ರತಿ ವಾಪಸು ತಂದು ಕಪಾಟಿನ ಮೇಲೆ ಹಾಕಿದ್ದೇನೆ.

ನಿನ್ನ ಮೇಲೆ ಸಿಟ್ಟಿಲ್ಲ. ಆದರೆ ನಿಜ ಬರೆ. ಬೇಗ ಬರೆ.

ನರಹರಿ

---

ಸುಬಾಂಗ್ ಜಯಾ
20 ಸೆಪ್ಟೆಂಬರ್ 1998

ಮಾವ,

ನಿಮ್ಮ ಕಾಗದ ಗುರುವಾರ ಬಂತು. ಇಲ್ಲಿ ಮನೆಮನೆಯ ಟೀವಿಯಲ್ಲೂ ಕಾಮನ್‌ವೆಲ್ತ್ ಆಟಗಳು. ಮೂರು ದಿನ ಆ ಗದ್ದಲದ ನಡುವೆ ಕೂತು ಹರಿದ ಹಾಳೆಗಳಿಗೆ ಲೆಕ್ಕವಿಲ್ಲ. ಈಗ ಕಂಡದ್ದನ್ನು ಕಂಡ ಹಾಗೆ ಬರೆಯುತ್ತೇನೆ.

ಅವತ್ತು ಅವರು ಕಿಟಕಿಯ ಕಡೆ ಮುಖ ಮಾಡಿ ಮಲಗಿದ್ದರು. ನಾನು ನಿಮ್ಮ ಅಧ್ಯಾಯ ಓದುತ್ತಾ ಹೋದಹಾಗೆ ಎದ್ದು ಕೂತರು. “ಕೊನೆಯಲ್ಲಿ ಮಗ ಮನೆಗೆ ಮರಳುತ್ತಾನೆ” ಎಂದಾಗ ಕೈ ಎತ್ತಿ ನಿಲ್ಲಿಸಿದರು.

“ಕೊನೆಯಲ್ಲಿ? ಅಲ್ಲ. ಅದು ಮೂರನೆಯ ರೀಲು” ಎಂದರು. “ಅವನು ಬರುವುದೇ ಪೆಟ್ಟಿಗೆ ಒಡೆಯಲು. ಮುಂದಿನ ರೀಲಿನಲ್ಲಿ ಒಡೆಯುತ್ತಾನೆ. ಚಿನ್ನ ತೆಗೆದುಕೊಂಡು ಹೋಗಿ ಹೆಂಡದಂಗಡಿಯಲ್ಲಿ ನಗುತ್ತಾನೆ. ಅಲ್ಲಿಗೆ ಮುಗಿಯಿತು.”

ಭುಜದ ಬಗ್ಗೆ ಕೇಳಿದೆ. ಎಡಗೈಯಲ್ಲಿ ಕಬ್ಬಿಣದ ಹಾರೆ ಇತ್ತಂತೆ, ಚೌಕಟ್ಟಿನ ಕೆಳಗೆ, ಕ್ಯಾಮರಾಕ್ಕೆ ಕಾಣದ ಹಾಗೆ. ನಿಜವಾದ ಹಾರೆ. ಭುಜ ಇಳಿದದ್ದು ಅದರ ಭಾರಕ್ಕೆ. ಆಮೇಲೆ ಎಲ್ಲ ನಿರ್ದೇಶಕರೂ ಆ ಭುಜವನ್ನೇ ಕೇಳಿದರು, ಅದೇ ಅಭ್ಯಾಸವಾಯಿತು ಎಂದರು.

ಹೇಳಿದ ಮಾತು: “ಬೀಗದ ಕೈ ಎಲ್ಲಿ?”

ತಾಯಿಗೆ ಮಗ ಹಾಗೆನ್ನುವುದು ಜನರಿಗೆ ಕೇಳಬಾರದೆಂದು ನಿರ್ದೇಶಕ ಅದರ ಮೇಲೆ ಹಡಗಿನ ಕೂಗು ಹಾಕಿಸಿದ. “ಆದರೂ ಎಲ್ಲರಿಗೂ ಕೇಳಿಸಿತು” ಎಂದರು. “ತರಕಾರಿ ಅಂಗಡಿಯವಳು ನನ್ನ ಕಾಲ ಬುಡಕ್ಕೆ ಉಗುಳಿದಳು. ನನ್ನ ಸ್ವಂತ ತಾಯಿ ಊರಿನ ಟಾಕೀಸಿನಲ್ಲಿ ಚಿತ್ರ ನೋಡಿ ಬಂದು, ಆ ರಾತ್ರಿಯಿಂದ ಪೆಟ್ಟಿಗೆಯ ಬೀಗದ ಕೈಯನ್ನು ಕುತ್ತಿಗೆಗೆ ಕಟ್ಟಿಕೊಂಡು ಮಲಗತೊಡಗಿದಳು. ಅವಳಿಗೆ ಸಿನಿಮಾ ಎಂದರೇನೆಂದು ಗೊತ್ತಿರಲಿಲ್ಲ. ಅದಾದ ಮೇಲೆ ನಾನು ಮನೆಗೆ ಹೋಗಲಿಲ್ಲ.”

ಆಮೇಲೆ ನಿಮ್ಮ ಏಳು ಊರುಗಳ ಬಗ್ಗೆ ಕೇಳಿದರು. ಮಲ್ಪೆಯ ಹೆಂಗಸಿನ ಪ್ರಶ್ನೆ ಹೇಳಿದೆ. ಇಡೀ ಅಧ್ಯಾಯವನ್ನು ಮತ್ತೊಮ್ಮೆ ಓದಿಸಿ, ನನ್ನ ಮಣಿಕಟ್ಟು ಹಿಡಿದುಕೊಂಡರು. “ನಿಮ್ಮ ಮಾವನಿಗೆ ಅವರು ಹೇಳಿದ್ದೇ ಸರಿ ಎಂದು ಬರೆಯಿರಿ. ಹಸಿವು ಎಂದೆ ಎಂದು ಬರೆಯಿರಿ. ಅಲ್ಲಿ ಏಳು ಕಡೆ ನಾನು ಮನೆಗೆ ಹೋದೆನಲ್ಲ. ಅದನ್ನು ಕಿತ್ತುಕೊಳ್ಳಬೇಡಿ.”

ಅವರಿಗಾಗಿ ಬರೆದೆನೋ, ನಿಮಗಾಗಿ ಬರೆದೆನೋ, ಇಬ್ಬರಿಗೂ ನಿಜ ಹೇಳುವ ಧೈರ್ಯ ನನಗಿಲ್ಲದ್ದಕ್ಕೆ ಬರೆದೆನೋ ತಿಳಿಯದು. ನಿಮ್ಮ ಮಾತನ್ನೇ ಅಕ್ಷರಶಃ ಬರೆದರೆ ನಂಬುವುದಿಲ್ಲವೆಂದು ಹಸಿವನ್ನು ರೊಟ್ಟಿ ಮಾಡಿದೆ. ನನ್ನ ಸಾಹಿತ್ಯದ ಎಂ.ಎ. ಇಷ್ಟಕ್ಕೆ ಒದಗಿತು.

ಈಗ ಹೊಸ ರೈಲು ಬಂದಿದೆ, ಬಾಂಗ್ಸಾರ್‌ಗೆ ಹೋಗುವುದು ಸುಲಭ. ಪ್ರತಿ ಭಾನುವಾರ ಅವರು ನಿಮ್ಮ ಅಧ್ಯಾಯವನ್ನು ಓದಿಸುತ್ತಾರೆ. ಪುಸ್ತಕ ಬಂತೇ ಎಂದು ಕೇಳುತ್ತಾರೆ. ಇವತ್ತೂ ಕೇಳಿದರು. ಅಚ್ಚಾಗುತ್ತಿದೆ ಎಂದೆ.

ನಿಮ್ಮ ಅಧ್ಯಾಯದಲ್ಲಿ ತಪ್ಪಿದ್ದದ್ದು ರೀಲಿನ ಕ್ರಮ ಮಾತ್ರ ಎಂದು ಬರೆಯಬೇಕೆಂದಿದ್ದೆ. ಅದೂ ಸುಳ್ಳೇ. ಭುಜವೂ ತಪ್ಪು, ಮಾತೂ ತಪ್ಪು. ಏನು ಉಳಿಯುತ್ತದೆಂದು ನನಗೆ ಕಾಣಿಸುತ್ತಿಲ್ಲ, ಮಾವ.

ಮೇಧಾ

---

ಉಡುಪಿ
25 ಅಕ್ಟೋಬರ್ 1998

ಚಿ. ಮೇಧಾಳಿಗೆ ಜನಾರ್ದನ ಮಾಡುವ ಆಶೀರ್ವಾದಗಳು.

ನಿನ್ನ ಅಮ್ಮ ಫೋನಿನಲ್ಲಿ ಹೇಳಿರಬಹುದು. ನರಹರಿ ಏಳನೆಯ ತಾರೀಕು ಬೆಳಿಗ್ಗೆ ತೀರಿಕೊಂಡ. ಅವಳು ಹೇಳದ್ದನ್ನು ನಾನು ಬರೆಯುತ್ತಿದ್ದೇನೆ.

ಆಗಸ್ಟಿನಲ್ಲಿ ಅವನು ಬಂದು ಹೋದಮೇಲೆ ನಾನು ದಿನಾ ಸಂಜೆ ಅವನಲ್ಲಿಗೆ ಹೋಗುತ್ತಿದ್ದೆ. ನಿನ್ನ ಕಾಗದ ಬಂದಾಗ ಅವನಿಗೆ ಕಣ್ಣು ತೆರೆದು ಓದುವ ಶಕ್ತಿ ಇರಲಿಲ್ಲ. ನನ್ನ ಕೈಗೆ ಕೊಟ್ಟು, ಓದು ಎಂದು ಸನ್ನೆ ಮಾಡಿದ. ನಾನು ಗಟ್ಟಿಯಾಗಿ ಓದತೊಡಗಿದೆ. ಮೂರನೆಯ ರೀಲು ಎಂಬಲ್ಲಿಗೆ ಬಂದಾಗ ನಿಲ್ಲಿಸಿದೆ. ಅಲ್ಲಿಂದ ಮುಂದೆ ನಾನೇ ಬೇರೆ ಕಟ್ಟಿ ಹೇಳಬಹುದಿತ್ತು, ಪರದೆಯ ಪಕ್ಕದಲ್ಲಿ ನಿಂತು ಅವನು ಹೇಳುತ್ತಿದ್ದನಲ್ಲ, ಹಾಗೆ. ನನಗೆ ಆ ವಿದ್ಯೆ ಇಲ್ಲ. ಒಂದು ಸಲ ‘ನೀನೇ ಸರಿ’ ಎಂದು ಅವನ ಎದುರು ಸುಳ್ಳು ಹೇಳಿ ಸಿಕ್ಕಿಬಿದ್ದವನು. ಇದ್ದದ್ದನ್ನು ಇದ್ದ ಹಾಗೆ ಓದಿದೆ. ಹಾರೆಯನ್ನೂ ಓದಿದೆ, ಬೀಗದ ಕೈಯನ್ನೂ ಓದಿದೆ.

ಆಮೇಲೆ ಸ್ಲೇಟು ಕೇಳಿದ. ‘ನೀನು ಸರಿ’ ಎಂದು ಬರೆದ. ಅಕ್ಷರ ಓರೆಯಾಗಿತ್ತು, ಆದರೆ ಡ್ರಾಯಿಂಗ್ ಮಾಷ್ಟ್ರ ಅಕ್ಷರವೇ. ಸ್ಲೇಟನ್ನು ನನ್ನ ಕಡೆ ತಿರುಗಿಸಿ, ತಾನು ಗೋಡೆಯ ಕಡೆ ತಿರುಗಿದ. ಆಮೇಲೆ ಮೂರು ದಿನ ಇದ್ದ, ಏನೂ ಬರೆಯಲಿಲ್ಲ.

ಆ ಮಾತಿಗೆ ನಾನು ಹದಿನಾರು ವರ್ಷ ಕಾದಿದ್ದೆ ಮಗಾ. ಮಾರ್ಕೆಟ್ಟಿನಲ್ಲಿ ಅವನು ಆಕಾಶ ನೋಡಿದಾಗೆಲ್ಲ, ಒಂದು ದಿನ ಇವನ ಬಾಯಿಂದ ಬರಿಸುತ್ತೇನೆ ಎಂದುಕೊಳ್ಳುತ್ತಿದ್ದೆ. ಬಂದಮೇಲೆ ಅದನ್ನು ಎಲ್ಲಿಡುವುದೆಂದು ತಿಳಿಯುತ್ತಿಲ್ಲ. ಎಲ್ಲಿಯೂ ಜಾಗವಿಲ್ಲ.

ನಿನ್ನ ಅಮ್ಮ ಸ್ಲೇಟನ್ನು ನನಗೇ ಕೊಟ್ಟಳು. ಮನೆಗೆ ತಂದು ಮೇಜಿನ ಮೇಲಿಟ್ಟು ಸ್ನಾನಕ್ಕೆ ಹೋಗಿ ಬರುವಷ್ಟರಲ್ಲಿ ಮೊಮ್ಮಗಳು ಅದನ್ನು ಒರೆಸಿ ಏಳರ ಮಗ್ಗಿ ಬರೆದಿದ್ದಳು. ಬೈಯಲಿಲ್ಲ. ಅವಳಿಗೆಂತ ಗೊತ್ತು.

ಹಸ್ತಪ್ರತಿ ಕಪಾಟಿನ ಮೇಲೆಯೇ ಇದೆ. ಗೆದ್ದಲು ಬರುವ ಮೊದಲು ನೀನು ಬಂದು ಏನಾದರೂ ಮಾಡು. ನನಗೆ ಮುಟ್ಟಲು ಮನಸ್ಸಿಲ್ಲ.

ಆ ಮುದುಕ ಭಾನುವಾರ ಪುಸ್ತಕದ ಬಗ್ಗೆ ಕೇಳಿದರೆ ಅಚ್ಚಾಗುತ್ತಾ ಇದೆ ಎಂದೇ ಹೇಳು. ನರಹರಿ ಹೇಗಿದ್ದಾನೆಂದು ಕೇಳಿದರೆ ಚೆನ್ನಾಗಿದ್ದಾನೆ ಎನ್ನು. ಆ ಮುದುಕನನ್ನು ಮತ್ತೆ ಆ ಬಾಗಿಲಿಂದ ಹೊರಗೆ ಕಳಿಸಬೇಡ.

ಇಂತು,
ಜನಾರ್ದನ